ತಡಿಯಂಡಮೋಳ್ ಗೈಡೆಡ್ ಟ್ರೆಕ್: ಬೆಟ್ಟದ ದಾರಿಗೆ ಗೈಡ್ ಬೇಡ, ಕೆಳಗಿನ ಊರಿಗೆ ಬೇಕು

ಮೊದಲೇ ಹೇಳಿಬಿಡುತ್ತೇನೆ. ಕೊಡಗಿನ ತಡಿಯಂಡಮೋಳ್ ಬೆಟ್ಟ ಹತ್ತುವುದಕ್ಕೆ ದಾರಿ ತೋರಿಸುವವರು ಬೇಕಾಗಿಲ್ಲ. ದಾರಿ ಕಣ್ಣೆದುರಿಗೇ ಇದೆ. ಶನಿವಾರ ಭಾನುವಾರವಾದರೆ ಮುಂದೆ ಹೋಗುವವರ ಬೆನ್ನು ನೋಡಿಕೊಂಡೇ ತುದಿ ಮುಟ್ಟಬಹುದು. ಆದರೂ ನಾವು ಕಕ್ಕಬ್ಬೆ ಕಡೆಯ ಒಂದು ಹೋಂಸ್ಟೇಯವರ ಗೈಡೆಡ್ ಪ್ಯಾಕೇಜ್ ತಗೊಂಡು ಹೋಗಿಬಂದೆವು. ಕೊಟ್ಟ ದುಡ್ಡಿನಲ್ಲಿ ಮುಕ್ಕಾಲು ಪಾಲು ಸಾರ್ಥಕ ಅನಿಸಿತು. ಉಳಿದ ಕಾಲು ಪಾಲಿನ ಬಗ್ಗೆ ದೂರು ಇದೆ, ಅದನ್ನೂ ಬರೆಯುತ್ತೇನೆ. ಹೋಂಸ್ಟೇ ಹೆಸರು ಹಾಕುತ್ತಿಲ್ಲ. ಆ ಭಾಗದಲ್ಲಿ ಇಂಥ ಪ್ಯಾಕೇಜ್ ಕೊಡುವವರು ತುಂಬಾ ಜನ ಇದ್ದಾರೆ, ನಾನು ವಿಚಾರಿಸಿದಷ್ಟೂ ಕಡೆ ಹೆಚ್ಚುಕಡಿಮೆ ಇದೇ ಮಾದರಿ.

ಪ್ಯಾಕೇಜ್ ಅಂದರೆ ವಿರಾಜಪೇಟೆಯಿಂದ ಜೀಪ್, ಒಂದು ರಾತ್ರಿ ಉಳಿಯೋದು, ಊಟ ತಿಂಡಿ, ಬೆಟ್ಟಕ್ಕೆ ಗೈಡ್, ಊರು ಸುತ್ತಾಟ, ಸಂಜೆ ‘ಕೊಡವ ಸಾಂಸ್ಕೃತಿಕ ಕಾರ್ಯಕ್ರಮ’. ತಲೆಗೆ ಮೂರೂವರೆ ಸಾವಿರದ ಆಸುಪಾಸು. ನಾನು, ಹೆಂಡತಿ, ಭಾವಮೈದ, ಹೈಸ್ಕೂಲ್ ಓದುತ್ತಿರುವ ಅವನ ಮಗಳು. ಕೊಡಗಿನ ಸುಗ್ಗಿ ಹಬ್ಬ ಹುತ್ತರಿ ಮುಗಿದ ಮೇಲಿನ ಚಳಿ, ಡಿಸೆಂಬರ್. ಈ ಬೆಟ್ಟಕ್ಕೆ ಇದಕ್ಕಿಂತ ಒಳ್ಳೆಯ ಕಾಲ ಇಲ್ಲ. ಮಳೆಗಾಲದಲ್ಲಿ ಅಲ್ಲಿ ಜಿಗಣೆಗಳದ್ದೇ ರಾಜ್ಯ, ಮೇಲೆ ಹೋದರೂ ಬಿಳಿ ಮೋಡ ಬಿಟ್ಟು ಬೇರೇನೂ ಕಾಣುವುದಿಲ್ಲ. ಬೇಸಿಗೆಯಲ್ಲಿ ಹುಲ್ಲು ಒಣಗಿ ಕಾಡ್ಗಿಚ್ಚಿನ ಭಯ.

ಬೆಟ್ಟದ ಎತ್ತರ 1,748 ಮೀಟರ್, ಕೊಡಗಿನಲ್ಲಿ ಇದೇ ಎಲ್ಲಕ್ಕಿಂತ ಎತ್ತರ. ಹಾಗಂತ ಹೆದರಬೇಕಾಗಿಲ್ಲ. ಹತ್ತಿ ಇಳಿಯುವುದಕ್ಕೆ ಐದಾರು ಗಂಟೆ ಸಾಕು, ನಡುನಡುವೆ ಕೂತು ಚಕ್ಕುಲಿ ತಿನ್ನುವ ಹೊತ್ತೂ ಸೇರಿ. ಶುರುವಿನಲ್ಲಿ ಕಾಫಿ ತೋಟದ ನಡುವಿನ ರಸ್ತೆ. ನಿಜ ಹೇಳಬೇಕೆಂದರೆ ಇಡೀ ಚಾರಣದಲ್ಲಿ ಬೇಜಾರು ಹಿಡಿಸುವ ಭಾಗ ಇದೇ. ಏರು ಜಾಸ್ತಿ, ನೋಟ ಕಡಿಮೆ. ಆಮೇಲೆ ಅರಣ್ಯ ಇಲಾಖೆಯ ಗೇಟ್, ಅಲ್ಲಿಂದ ಮುಂದೆ ಜೀಪು ಓಡಾಡುವಷ್ಟು ಅಗಲದ ಮಣ್ಣಿನ ದಾರಿ. ಒಂದು ದೊಡ್ಡ ಬಂಡೆ ಸಿಗುತ್ತದೆ, ಎಲ್ಲರೂ ಅಲ್ಲೇ ಕೂತು ಸುಧಾರಿಸಿಕೊಳ್ಳುತ್ತಾರೆ. ಬೆಟ್ಟ ನಿಜವಾಗಿ ಶುರುವಾಗೋದು ಅದರಾಚೆ. ಹುಲ್ಲುಗಾವಲು ಬಿಚ್ಚಿಕೊಳ್ಳುತ್ತದೆ, ಗಾಳಿ ಬರುತ್ತದೆ, ಕೆಳಗೆ ಕಣಿವೆ ಪೂರ್ತಿ ಕಾಣುತ್ತದೆ. ಕೊನೆಗೆ ಒಂದು ಶೋಲಾ, ಅಂದರೆ ಹುಲ್ಲುಬೆಟ್ಟದ ಮಡಿಕೆಯಲ್ಲಿ ಬೆಳೆದ ಕಾಡಿನ ತುಂಡು, ಒಳಗೆ ಬೇರುಗಳ ಮೇಲೆ ಕಾಲಿಟ್ಟು ಹತ್ತಬೇಕು, ಕೆಲವು ಕಡೆ ಕೈಯೂ ಊರಬೇಕು. ಕಾಡಿನಿಂದ ಹೊರಬಂದ ಕೂಡಲೇ ತುದಿ ಬಂತು ಅನಿಸುತ್ತದೆ, ಬಂದಿರುವುದಿಲ್ಲ. ಅಲ್ಲಿ ಸುಮಾರು ಜನ ಕುಸಿದು ಕೂರುವುದನ್ನು ನೋಡಿದೆ.

ಮೇಲಿನ ನೋಟಕ್ಕೆ ಪೂರ್ತಿ ಅಂಕ. ಎಲ್ಲಿ ತಿರುಗಿದರೂ ಬೆಟ್ಟದ ಹಿಂದೆ ಬೆಟ್ಟ, ಒಂದಕ್ಕಿಂತ ಒಂದು ಮಸುಕು ನೀಲಿ. ಪಶ್ಚಿಮಕ್ಕೆ ಕೇರಳ. ಆಕಾಶ ತಿಳಿಯಾಗಿದ್ದರೆ ಸಮುದ್ರ ಕಾಣುತ್ತದೆ ಅಂತ ಎಲ್ಲರೂ ಹೇಳುತ್ತಾರೆ. ನಮಗೆ ಕಂಡಿದ್ದು ಮಂಜಿನ ಒಂದು ಗೆರೆ, ಅದನ್ನೇ ಸಮುದ್ರ ಅಂದುಕೊಳ್ಳಲು ನನಗೆ ತಕರಾರಿಲ್ಲ.

ಇನ್ನು ಗೈಡ್ ವಿಷಯ. ಐವತ್ತರ ಆಸುಪಾಸಿನವರು, ಅಲ್ಲೇ ಯವಕಪಾಡಿ ಊರಿನ ಕಡೆಯವರು, ಏಲಕ್ಕಿ ತೋಟಗಳಲ್ಲಿ ಕೆಲಸ ಮಾಡಿ ಬೆಳೆದವರು. ಮಾತು ಕಡಿಮೆ. ಮೊದಲ ಅರ್ಧ ಗಂಟೆ ಇವರಿಗೆ ಯಾಕೆ ದುಡ್ಡು ಕೊಟ್ಟೆವು ಅಂತ ಭಾವಮೈದ ಗೊಣಗಿದ್ದೂ ಉಂಟು. ಆದರೆ ಹುಡುಗಿ ಒಂದು ಪ್ರಶ್ನೆ ಕೇಳಿದಳು ನೋಡಿ. “ಅಣ್ಣಾ, ಇಲ್ಲಿ ಹುಲ್ಲು, ಅಲ್ಲಿ ಕಾಡು, ಯಾರಾದ್ರೂ ಕತ್ತರಿಸಿದ್ದಾರಾ?” ಅವರು ನಿಂತು ವಿವರಿಸಿದರು. ಬೆಟ್ಟದ ಮಡಿಕೆ ಇರುವ ಕಡೆ ನೀರು ನಿಲ್ಲುತ್ತದೆ, ಮಣ್ಣು ಆಳ ಇರುತ್ತದೆ, ಗಾಳಿಯ ಹೊಡೆತ ಕಡಿಮೆ, ಅದಕ್ಕೇ ಮರಗಳು ಅಲ್ಲಿ ಒತ್ತೊತ್ತಾಗಿ ಸೇರಿಕೊಳ್ಳುತ್ತವೆ. ಬಯಲಿಗೆ ಬಂದರೆ ಗಾಳಿ, ಬೆಂಕಿ, ತೆಳು ಮಣ್ಣು, ಹುಲ್ಲೇ ಗಟ್ಟಿ. ಆ ಕಾಡಿನ ತುಂಡುಗಳೊಳಗಿಂದಲೇ ತೊರೆ ಹುಟ್ಟುತ್ತದೆ. ಈ ಕಡೆ ಬಿದ್ದ ಮಳೆ ಕಕ್ಕಬ್ಬೆ ಹೊಳೆಯಾಗಿ ಕಾವೇರಿ ಸೇರಿದರೆ, ಆ ಕಡೆ ಬಿದ್ದದ್ದು ಕೇರಳಕ್ಕೆ ಇಳಿದು ಅರಬ್ಬೀ ಸಮುದ್ರ ಸೇರುತ್ತದೆ. ನಾವು ನಿಂತಿದ್ದ ದಿಣ್ಣೆ ಹೆಚ್ಚುಕಡಿಮೆ ಅದರ ಗಡಿ. ಬೆಂಗಳೂರಿನ ನಲ್ಲಿಯಲ್ಲಿ ಕಾವೇರಿ ನೀರು ಕುಡಿಯುವವರಿಗೆ ಇದನ್ನು ಅಲ್ಲಿ ನಿಂತು ಕೇಳುವುದೇ ಒಂದು ಬೇರೆ ಅನುಭವ.

ಆನೆ ಲದ್ದಿ ಕಂಡಾಗ ಕಡ್ಡಿಯಲ್ಲಿ ಕೆದಕಿ ನೋಡಿ “ಹಳೇದು, ಹೋಗಿ” ಅಂದರು. ಇಷ್ಟಕ್ಕೇ ಒಬ್ಬ ಗೈಡ್ ಇರುವುದು ಒಳ್ಳೆಯದು ಅಂತ ನನ್ನ ಹೆಂಡತಿಯ ವಾದ.

ಈಗ ಮೊದಲ ದೂರು. ಫೋನಿನಲ್ಲಿ “ನಿಮ್ಮ ಫ್ಯಾಮಿಲಿಗೆ ಮಾತ್ರ ಗೈಡ್” ಅಂದಿದ್ದರು. ಬೆಳಿಗ್ಗೆ ನೋಡಿದರೆ ಬೆಂಗಳೂರಿನ ಯಾವುದೋ ಆಫೀಸಿನ ದೊಡ್ಡ ಗುಂಪನ್ನೂ ಅವರ ಕೈಗೇ ಕೊಟ್ಟರು. ಗುಂಪಿನಲ್ಲಿ ಒಬ್ಬನ ಬ್ಯಾಗಿಗೆ ಬ್ಲೂಟೂತ್ ಸ್ಪೀಕರ್ ನೇತುಹಾಕಿತ್ತು. ಹುಲ್ಲುಗಾವಲಿನಲ್ಲಿ, ಗಾಳಿಯ ಸದ್ದು ಕೇಳಲು ಅಂತಲೇ ಬಂದ ಜಾಗದಲ್ಲಿ, ಡಿಜೆ ಹಾಡು. ಗೈಡ್ ಅಣ್ಣ ಮೆಲ್ಲಗೆ ಬೇಡ ಅಂದರು, ಯಾರೂ ಕೇಳಲಿಲ್ಲ. ಕೊನೆಗೆ ನನ್ನ ಹೆಂಡತಿ ಹೋಗಿ ಸ್ವಲ್ಪ ಜೋರಾಗಿಯೇ ಹೇಳಿದಳು, ಆಗ ನಿಂತಿತು. ಇದು ಗೈಡ್ ತಪ್ಪಲ್ಲ. ಒಬ್ಬ ಮನುಷ್ಯನ ಹಿಂದೆ ಅಷ್ಟು ಜನರನ್ನು ಕಟ್ಟುವವರ ತಪ್ಪು.

ಇಳಿದ ಮೇಲಿನ ಮಧ್ಯಾಹ್ನಕ್ಕೇ ನಾನು ಜಾಸ್ತಿ ಅಂಕ ಕೊಡುವುದು. ಆಫೀಸಿನವರು ಸುಸ್ತಾಗಿ ರೂಮಿಗೆ ಹೋದರು, ನಾವು ಗೈಡ್ ಜೊತೆ ಉಳಿದೆವು. ಬೆಟ್ಟದ ಬುಡದಲ್ಲೇ ನಾಲ್ಕುನಾಡು ಅರಮನೆ ಇದೆ. ಅರಮನೆ ಅಂದ ತಕ್ಷಣ ಮೈಸೂರು ನೆನೆಸಿಕೊಂಡು ಹೋಗಬೇಡಿ, ಇದು ಎರಡಂತಸ್ತಿನ ದೊಡ್ಡ ಮನೆ ಅಷ್ಟೇ. ಹೆಂಚಿನ ಮಾಡು, ಕೆತ್ತನೆಯ ಮರದ ಕಂಬಗಳು, ಗೋಡೆಯ ಮೇಲೆ ಮಾಸಿದ ಚಿತ್ರಗಳು, ಒಳಗೆ ಕತ್ತಲೆ ಕೋಣೆಗಳು. ಸುಮ್ನೆ ನೋಡಿಕೊಂಡು ಬಂದರೆ ಹತ್ತು ನಿಮಿಷದ ಕೆಲಸ. ಕಥೆ ಗೊತ್ತಿದ್ದರೆ ಒಂದು ಗಂಟೆ ಬೇಕು. ಕೊಡಗಿನ ರಾಜ ದೊಡ್ಡವೀರರಾಜೇಂದ್ರ 1788ರಲ್ಲಿ ಟಿಪ್ಪುವಿನ ಸೆರೆಯಿಂದ, ಪಿರಿಯಾಪಟ್ಟಣದ ಕೋಟೆಯಿಂದ ತಪ್ಪಿಸಿಕೊಂಡು ಬಂದವನು. ಆಮೇಲೆ 1792ರಿಂದ 94ರ ಹೊತ್ತಿಗೆ ಈ ಕಾಡಿನ ಮೂಲೆಯಲ್ಲಿ ಈ ಮನೆ ಕಟ್ಟಿಸಿದ. ಆಗ ಇಲ್ಲಿಗೆ ಸೈನ್ಯ ತರುವುದು ಯಾರಿಗೂ ಸುಲಭವಿರಲಿಲ್ಲ ಅನ್ನುವುದು ಬೆಟ್ಟ ಹತ್ತಿ ಇಳಿದವರ ಮಂಡಿಗೆ ಚೆನ್ನಾಗಿ ಅರ್ಥವಾಗುತ್ತದೆ. 1834ರಲ್ಲಿ ಬ್ರಿಟಿಷರು ಬಂದಾಗ ಕೊನೆಯ ರಾಜ ಚಿಕ್ಕವೀರರಾಜೇಂದ್ರ ಅಡಗಿಕೊಂಡದ್ದೂ ಇದೇ ಮನೆಯಲ್ಲಿ. ಆಮೇಲೆ ಶರಣಾದ, ರಾಜ್ಯ ಹೋಯಿತು, ಕಾಶಿಗೆ ಕಳಿಸಿದರು. ಸತ್ತದ್ದು ಲಂಡನ್ನಿನಲ್ಲಿ, 1859ರಲ್ಲಿ. ಗೈಡ್ ಇದನ್ನೆಲ್ಲ ಇಸವಿ ಹಿಡಿದು ಹೇಳಲಿಲ್ಲ, ಅದನ್ನು ನಾನು ಓದಿಕೊಂಡೇ ಹೋಗಿದ್ದೆ. ಅವರು ತೋರಿಸಿದ್ದು ಯಾವ ಕೋಣೆಯಲ್ಲಿ ನಿಂತರೆ ಅಂಗಳಕ್ಕೆ ಬರುವವರು ಕಾಣುತ್ತಾರೆ, ಬರುವವರಿಗೆ ಒಳಗಿರುವವರು ಯಾಕೆ ಕಾಣುವುದಿಲ್ಲ ಅನ್ನುವುದನ್ನು. ಹುಡುಗಿಯನ್ನು ಒಳಗೆ ನಿಲ್ಲಿಸಿ, ನಮ್ಮನ್ನು ಹೊರಗೆ ಕಳಿಸಿ ತೋರಿಸಿದರು. ಯಾವ ಬೋರ್ಡಿನಲ್ಲೂ ಇದು ಬರೆದಿರುವುದಿಲ್ಲ ಅಲ್ವಾ?

ಅಲ್ಲಿಂದ ತೋಟದ ಒಳದಾರಿಯಲ್ಲಿ ನಡೆದೆವು. ಕಣದಲ್ಲಿ ಕಾಫಿ ಹಣ್ಣು ಒಣಗಲು ಹಾಕಿದ್ದರು. ಅರೇಬಿಕಾ ಮೊದಲು ಕೊಯ್ಲಿಗೆ ಬರುತ್ತದೆ, ರೋಬಸ್ಟಾ ಆಮೇಲೆ. ಎರಡರ ಎಲೆಯನ್ನೂ ಕೈಯಲ್ಲಿ ಕೊಟ್ಟು ಯಾವುದು ದೊಡ್ಡದು ನೋಡಿ ಅಂದರು. ಒಂದು ಮನೆಯ ಹಿತ್ತಲಲ್ಲಿ ಜೇನು ಪೆಟ್ಟಿಗೆಗಳು. ಕಕ್ಕಬ್ಬೆ ಅಂದರೆ ಒಂದು ಕಾಲಕ್ಕೆ ಜೇನಿಗೆ ಹೆಸರುವಾಸಿ. 1990ರ ದಶಕದ ಶುರುವಿನಲ್ಲಿ ಥಾಯ್ ಸ್ಯಾಕ್‌ಬ್ರೂಡ್ ಅನ್ನುವ ವೈರಸ್ ಬಂದು ತುಡುವೆ ಜೇನಿನ ಮರಿಗಳು ಗೂಡಿನಲ್ಲೇ ಸತ್ತವು, ಪೆಟ್ಟಿಗೆಗೆ ಪೆಟ್ಟಿಗೆಯೇ ಖಾಲಿಯಾಯಿತು. ಕೊಡಗು ಮಾತ್ರವಲ್ಲ, ದಕ್ಷಿಣದ ಉದ್ದಕ್ಕೂ ಇದೇ ಕಥೆ. ಆ ಮನೆಯ ಅಜ್ಜಿ ಅದನ್ನು ಮನೆಯವರ ಕಾಯಿಲೆಯ ಸುದ್ದಿ ಹೇಳುವ ದನಿಯಲ್ಲೇ ಹೇಳಿದರು. ಈಗ ಸ್ವಲ್ಪ ಸ್ವಲ್ಪ ಮತ್ತೆ ಸಾಕುತ್ತಿದ್ದಾರಂತೆ. ಒಂದು ಬಾಟಲಿ ತಂದೆವು. ರಸ್ತೆ ಬದಿ ಅಂಗಡಿಯಲ್ಲಿ ಸಾಲಾಗಿ ಇಟ್ಟಿರುವ ‘ಕೊಡಗಿನ ಜೇನು’ ಬಾಟಲಿಗಳಿಗಿಂತ ಇದು ತೆಳು, ಸ್ವಲ್ಪ ಕಹಿಯ ಒಗರು. ನನಗೆ ಇಷ್ಟವಾಯಿತು, ಭಾವಮೈದನಿಗೆ ಆಗಲಿಲ್ಲ.

ಒಂದು ಐನ್‌ಮನೆಗೂ ಕರೆದುಕೊಂಡು ಹೋದರು. ಐನ್‌ಮನೆ ಅಂದರೆ ಒಂದು ಒಕ್ಕಕ್ಕೆ, ಅಂದರೆ ಇಡೀ ಮನೆತನಕ್ಕೆ ಸೇರಿದ ಮೂಲಮನೆ. ಜಗಲಿಯ ಕಂಬಗಳ ನಡುವೆ ದಪ್ಪ ಮರದ ಹಲಗೆ, ಅಯಿಮರ ಅಂತಾರೆ. ಹಿರಿಯರು ಕೂರುವ ಜಾಗ ಅದು, ನಾವು ಕೂರಬಾರದು ಅಂತ ಗೈಡ್ ಮೊದಲೇ ಕಿವಿಯಲ್ಲಿ ಹೇಳಿದ್ದರು. ಚಪ್ಪಲಿ ಹೊರಗೆ, ಒಳಗೆ ಫೋಟೋ ಬೇಡ, ಅದನ್ನೂ ಹೇಳಿದ್ದರು. ಹುತ್ತರಿಯಲ್ಲಿ ತಂದು ಎಲೆಗಳ ಜೊತೆ ಕಟ್ಟಿದ ಭತ್ತದ ಕದಿರು ಬಾಗಿಲ ಬಳಿ ಇನ್ನೂ ಇತ್ತು, ಒಣಗಿ ಬಂಗಾರದ ಬಣ್ಣಕ್ಕೆ ತಿರುಗಿತ್ತು. ಹಬ್ಬದ ದಿನ, ಕದಿರು ಕೊಯ್ಯುವ ಗಳಿಗೆ ಎಲ್ಲ ತೀರ್ಮಾನವಾಗುವುದು ಇದೇ ಕಕ್ಕಬ್ಬೆಯ ಪಾಡಿ ಇಗ್ಗುತಪ್ಪ ದೇವಸ್ಥಾನದಲ್ಲಿ. ಮಳೆ ಬೆಳೆಯ ದೇವರು ಇಗ್ಗುತಪ್ಪ. ಪ್ಯಾಕೇಜಿನ ಪಟ್ಟಿಯಲ್ಲಿ ಈ ದೇವಸ್ಥಾನವೇ ಇಲ್ಲ! ನಾವೇ ಕೇಳಿ ಮಾರನೆ ದಿನ ಹೋದೆವು. ಬೆಟ್ಟದ ಪಕ್ಕದಲ್ಲೇ ಇಷ್ಟು ದೊಡ್ಡ ವಿಷಯ ಇಟ್ಟುಕೊಂಡು ಪಟ್ಟಿಗೆ ಸೇರಿಸದೆ, ಬದಲಿಗೆ ಕ್ಯಾಂಪ್‌ಫೈರ್ ಸೇರಿಸಿದ್ದಾರೆ.

ಸಂಜೆಯ ಕಾರ್ಯಕ್ರಮ ಎರಡನೇ ದೂರು. ಬೆಂಕಿ ಹಾಕಿದರು, ಹುಡುಗರಿಬ್ಬರು ವಾಲಗದ ರೆಕಾರ್ಡ್‌ಗೆ ಕುಣಿದರು, ಆಮೇಲೆ ಬೇಕಾದವರು ಕೊಡವರ ಕುಪ್ಯ (ಉದ್ದ ಕೋಟು), ಚೇಲೆ (ಸೊಂಟದ ಪಟ್ಟಿ) ಹಾಕಿಕೊಂಡು, ಸೊಂಟಕ್ಕೆ ಪೀಚೆಕತ್ತಿ ಅನ್ನುವ ಚೂರಿ ಸಿಕ್ಕಿಸಿಕೊಂಡು ಫೋಟೋ ತೆಗೆಸಿಕೊಳ್ಳಬಹುದು, ಅದಕ್ಕೆ ಬೇರೆ ದುಡ್ಡು. ಮಧ್ಯಾಹ್ನ ಆ ಜಗಲಿಯಲ್ಲಿ ಕೈಕಟ್ಟಿ ನಿಂತು ಬಂದ ಮೇಲೆ ಇದು ತೀರಾ ಪೇಲವ ಅನಿಸಿತು. ಆಫೀಸಿನವರಿಗೆ ಖುಷಿಯಾಯಿತು, ಅದೂ ನಿಜ. ಹಾಗಾಗಿ ಇದು ನನ್ನ ರುಚಿಯ ಮಾತು ಅಂತ ಬೇಕಾದರೆ ತಗೊಳ್ಳಿ. ಆದರೆ ಕುಣಿದ ಹುಡುಗರಿಗೆ ಎಷ್ಟು ಸಿಗುತ್ತದೆ ಅಂತ ಕೇಳಿದಾಗ ಅವರು ನಕ್ಕು ಸುಮ್ಮನಾದರು. ಅದು ಮನಸ್ಸಿಗೆ ಕಿರಿಕಿರಿ ಮಾಡಿತು.

ಊಟದ ಬಗ್ಗೆ ಒಂದು ದೂರೂ ಇಲ್ಲ. ಹೋಂಸ್ಟೇ ಆಂಟಿ ಅಡುಗೆಮನೆಗೆ ಕರೆದು ಕಡಂಬುಟ್ಟು, ಅಂದರೆ ಅಕ್ಕಿ ತರಿಯ ಕಡುಬಿನ ಉಂಡೆ ಕಟ್ಟುವುದನ್ನು ಹುಡುಗಿಗೆ ಹೇಳಿಕೊಟ್ಟರು. ಪಂದಿ ಕರಿ (ಹಂದಿ ಮಾಂಸದ ಸಾರು) ಕಪ್ಪಗೆ, ಕಾಚಂಪುಳಿ ಅನ್ನುವ ಕೊಡಗಿನ ಕಪ್ಪು ಹಣ್ಣಿನ ರಸದ ಹುಳಿ ನಾಲಿಗೆಯ ಬದಿಯಲ್ಲಿ ಸರಿಯಾಗಿ ಹತ್ತುವಂತೆ. ಹೋಟೆಲುಗಳಲ್ಲಿ ನಿಂಬೆಹಣ್ಣೋ ವಿನೆಗರೋ ಹಾಕಿ ಮಾಡುವುದನ್ನು ತಿಂದವರಿಗೆ ಇಲ್ಲಿ ವ್ಯತ್ಯಾಸ ಗೊತ್ತಾಗುತ್ತದೆ. ನನ್ನ ಹೆಂಡತಿ ಮಾಂಸ ತಿನ್ನುವುದಿಲ್ಲ. ಅವಳಿಗೆ ಬರೀ ಸಾರು ಬಡಿಸಿ ಕೈ ತೊಳೆದುಕೊಳ್ಳಲಿಲ್ಲ. ಒಣಗಿಸಿಟ್ಟ ಕಳಲೆಯ ಪಲ್ಯ, ನೂಲ್‌ಪುಟ್ಟು (ಅಕ್ಕಿ ಶಾವಿಗೆ), ಕಾಯಿಹಾಲು, ಬೆಳಿಗ್ಗೆ ಅಕ್ಕಿ ಒಟ್ಟಿ ಜೊತೆ ಎಳ್ಳಿನ ಚಟ್ನಿ. ಬೆಲ್ಲದ ಕಾಫಿಯನ್ನು ಲೆಕ್ಕವಿಲ್ಲದೆ ಕುಡಿದೆವು. ರೂಮು ಸಾಧಾರಣ, ಬಿಸಿನೀರು ಬಂತು, ಕಂಬಳಿ ಇನ್ನೊಂದು ಕೇಳಿ ತಗೊಳ್ಳಬೇಕಾಯಿತು. ಚಳಿ ಇದೆ, ಸ್ವೆಟರ್ ಬಿಟ್ಟು ಹೋಗಬೇಡಿ.

ಹೋಗುವವರಿಗೆ ಒಂದಿಷ್ಟು. ಚಾರಣದ ಟಿಕೆಟನ್ನು ಅರಣ್ಯ ಇಲಾಖೆಯ ‘ಅರಣ್ಯ ವಿಹಾರ’ ವೆಬ್‌ಸೈಟಿನಲ್ಲಿ ಮೊದಲೇ ಮಾಡಿಸಿಕೊಳ್ಳಿ. 2024ರ ಜನವರಿಯಲ್ಲಿ ಕುಮಾರ ಪರ್ವತಕ್ಕೆ ಒಂದೇ ಸಲ ಸಾವಿರಾರು ಜನ ನುಗ್ಗಿದ ಮೇಲೆ ಸರ್ಕಾರ ಕೆಲವು ಕಾಲ ಚಾರಣ ನಿಲ್ಲಿಸಿ, ಆಮೇಲೆ ಆನ್‌ಲೈನ್ ಬುಕಿಂಗ್ ತಂದಿದ್ದು. ದಿನಕ್ಕೆ ಇಷ್ಟೇ ಜನ ಅಂತ ಮಿತಿಯೂ ಇದೆ. ಹೋಂಸ್ಟೇಯವರು “ನಾವು ನೋಡ್ಕೋತೀವಿ” ಅಂದರೆ ಟಿಕೆಟ್ ಫೋನಿಗೆ ಕಳಿಸಿ ಅಂತ ಕೇಳಿ. ಮೇಲೆ ಟೆಂಟ್ ಹಾಕಲು ಬಿಡುವುದಿಲ್ಲ. ನೀರು ಕೆಳಗಿಂದಲೇ ತುಂಬಿಕೊಳ್ಳಿ, ತುದಿಯಲ್ಲಿ ಅಂಗಡಿ ಏನೂ ಇಲ್ಲ, ಇಲ್ಲದಿರುವುದೇ ಚೆಂದ. ಬಸ್ಸಿನಲ್ಲಿ ಬರುವವರು ವಿರಾಜಪೇಟೆಯಿಂದಲೋ, ಮಡಿಕೇರಿಯಿಂದ ನಾಪೋಕ್ಲು ಮೇಲೋ ಬರಬಹುದು. ಕೈಕಂಬದಲ್ಲಿ ಇಳಿದರೆ ಅರಮನೆ ಕಡೆಗೆ ದಾರಿ.

ಬುಕ್ ಮಾಡುವಾಗ ಗೈಡ್ ಯಾವ ಊರಿನವರು, ಅವರ ಜೊತೆ ಒಟ್ಟು ಎಷ್ಟು ಜನ ಇರುತ್ತೇವೆ ಅಂತ ಕೇಳಿ. ಸಂಜೆಯ ಕಾರ್ಯಕ್ರಮ ಬೇಡ ಅಂದರೆ ದರ ಇಳಿಸುತ್ತಾರಾ ಅಂತಲೂ ಕೇಳಿ ನೋಡಿ, ನಮ್ಮ ಪಕ್ಕದ ರೂಮಿನವರಿಗೆ ಸ್ವಲ್ಪ ಇಳಿಸಿದ್ದರು. ವಾರದ ನಡುವೆ ರಜೆ ಹಾಕಲು ಆಗುವವರು ಶನಿವಾರದ ಕಡೆ ತಲೆ ಹಾಕಿಯೂ ಮಲಗಬೇಡಿ. ವಯಸ್ಸಾದ ಅಪ್ಪ ಅಮ್ಮ ಜೊತೆಗಿದ್ದರೆ ಅವರನ್ನು ಬೆಟ್ಟಕ್ಕೆ ಎಳೆಯಬೇಡಿ. ಅರಮನೆ, ಇಗ್ಗುತಪ್ಪ ದೇವಸ್ಥಾನ, ಚೆಯ್ಯಂಡಾಣೆ ಹತ್ತಿರದ ಚೇಲಾವರ ಜಲಪಾತ, ಇಷ್ಟನ್ನು ಜೀಪಿನಲ್ಲಿ ಆರಾಮಾಗಿ ನೋಡಿಕೊಂಡು ಮಧ್ಯಾಹ್ನ ಊಟಕ್ಕೆ ಬಂದುಬಿಡಬಹುದು, ಅಷ್ಟು ಹೊತ್ತಿಗೆ ನೀವೂ ಇಳಿದಿರುತ್ತೀರಿ.