ಡಂಜನ್ ಕೀಪರ್: ಆರ್ಕ್‌ಗಳಿಗೂ ಬಟವಾಡೆಯ ದಿನವಿದೆ

ಬುಲ್‌ಫ್ರಾಗ್ ಸಂಸ್ಥೆಯು 1997ರಲ್ಲಿ ಹೊರತಂದ ‘ಡಂಜನ್ ಕೀಪರ್’ ಕಂಪ್ಯೂಟರ್ ಆಟದಲ್ಲಿ ಆಡುವವರು ವೀರರ ಪಕ್ಷದವರಲ್ಲ, ನೆಲದಡಿಯ ಕೋಟೆಯ ಒಡೆಯರು. ಕೋಟೆಗೆ ನುಗ್ಗುವ ವೀರರನ್ನೂ ಎದುರಾಳಿ ಒಡೆಯರನ್ನೂ ಸೋಲಿಸಲು ಆರ್ಕ್ (ಪಾಶ್ಚಾತ್ಯ ಕಲ್ಪಿತ ಕಥೆಗಳಲ್ಲಿ ಬರುವ ಒರಟು ಯೋಧಜೀವಿ), ಟ್ರೋಲ್, ಬೈಲ್ ಡೀಮನ್ ಮೊದಲಾದ ಜೀವಿಗಳನ್ನು ಸೇರಿಸಿಕೊಂಡು, ಅವುಗಳಿಗೆ ಊಟ, ಮಲಗುವ ಜಾಗ ಮತ್ತು ಸಂಬಳವನ್ನು ಕೊಟ್ಟು ಸಾಕಬೇಕು. ಇಷ್ಟು ಹಳೆಯ ಆಟವನ್ನು ಶಿವಮೊಗ್ಗದಿಂದ ಈಗ ಪರಿಚಯಿಸಲು ಕಾರಣವೆಂದರೆ, ಆಳುಗಳನ್ನು ಇಟ್ಟುಕೊಂಡು ಕೆಲಸ ನಡೆಸುವವರ ಹೊಣೆಯನ್ನು ಇಷ್ಟು ಚೆನ್ನಾಗಿ ಅರಿತ ಇನ್ನೊಂದು ಆಟವನ್ನು ನಾನು ಕಂಡಿಲ್ಲ.

ಆರ್ಕ್‌ಗಳನ್ನು ಬಲವಂತವಾಗಿ ಹಿಡಿದು ತರಬೇಕಾಗಿಲ್ಲ. ಮಾಯಾದ್ವಾರವೊಂದನ್ನು ವಶಪಡಿಸಿಕೊಂಡು, ಮಲಗುವ ಕೋಣೆ, ಕೋಳಿಗೂಡು, ಬ್ಯಾರಕ್‌ಗಳನ್ನು ಕಟ್ಟಿದ ಮೇಲೆ ಅವು ತಾವಾಗಿಯೇ ಬರುತ್ತವೆ. ತರಬೇತಿ ಕೋಣೆಗೆ ಬಿಟ್ಟರೆ ಹತ್ತನೆಯ ಹಂತದವರೆಗೆ ಬೆಳೆಯುತ್ತವೆ, ಆದರೆ ತರಬೇತಿಗೂ ಚಿನ್ನ ಖರ್ಚಾಗುತ್ತದೆ, ಹಂತ ಏರಿದಂತೆ ಸಂಬಳವೂ ಏರುತ್ತದೆ. ಸಂಬಳದ ದಿನ ಬಂದಾಗ ಎಲ್ಲ ಜೀವಿಗಳೂ ಕೈಯಲ್ಲಿದ್ದ ಕೆಲಸವನ್ನು ಬಿಟ್ಟು ಖಜಾನೆಯತ್ತ ನಡೆಯುತ್ತವೆ. ಅಡಿಕೆ ಕೊಯ್ಲಿನ ಕಾಲದಲ್ಲಿ ಬಟವಾಡೆಯನ್ನು ಮುಂದೂಡಿದ ತೋಟದವರಿಗೆ ಮುಂದಿನ ಸಲ ಮರ ಹತ್ತಿ ಗೊನೆ ಇಳಿಸುವ ಕೊನೆಗಾರರು ಸಿಗದೆ, ಅಡಿಕೆ ಮರದಲ್ಲೇ ಹಣ್ಣಾಗಿ ಗೋಟಾಗುವುದನ್ನು ಮಲೆನಾಡಿನವರು ಬಲ್ಲರು; ಇಲ್ಲಿಯೂ ಖಜಾನೆ ಬರಿದಾದರೆ ಜೀವಿಗಳು ಮುನಿಸಿಕೊಂಡು, ಬಂದ ದ್ವಾರದಿಂದಲೇ ಹೊರಟುಹೋಗುತ್ತವೆ. ಸಂಬಳಕ್ಕಾಗಿ ನಡೆಯುವ ಹೊತ್ತು ಉಳಿಯುವಂತೆ ಖಜಾನೆಯನ್ನು ಮಲಗುವ ಕೋಣೆಗೆ ಸಮೀಪದಲ್ಲಿ ಕಟ್ಟುವುದು ಒಳ್ಳೆಯದು. ಗಾಯಗೊಂಡ ಆರ್ಕ್ ತನ್ನ ಹಾಸಿಗೆಯಲ್ಲಿ ಮಲಗಿ ಚೇತರಿಸಿಕೊಳ್ಳುವುದರಿಂದ, ಆ ಕೋಣೆಯ ವಿಸ್ತೀರ್ಣದಲ್ಲಿ ಜಿಪುಣತನ ಸಲ್ಲದು.

ನನಗೆ ಒಪ್ಪಿಗೆಯಾಗದ ಅಂಶವೊಂದಿದೆ. ನೆಲ ಅಗೆಯುವ ಇಂಪ್‌ಗಳಿಗೆ ಹೊಡೆದರೆ ಅವು ಸ್ವಲ್ಪ ಹೊತ್ತು ವೇಗವಾಗಿ ದುಡಿಯುತ್ತವೆ. ಪ್ರತಿ ಏಟಿಗೂ ಅವುಗಳ ಪ್ರಾಣಶಕ್ತಿ ಕುಂದುವಂತೆ ಆಟವನ್ನು ರಚಿಸಿದ್ದಾರೆ ಎಂಬುದು ನಿಜ, ಆದರೂ ಚಿಕ್ಕ ಮಕ್ಕಳಿಗೆ ಇದನ್ನು ಆಡಲು ಕೊಡುವುದು ಸರಿಯೆಂದು ನನಗೆ ಅನಿಸುವುದಿಲ್ಲ.

ಚಿತ್ರಗಳು ಇಂದಿನ ಕಣ್ಣಿಗೆ ಒರಟಾಗಿ ಕಾಣುತ್ತವೆ, ಸಲಹೆ ನೀಡುವ ಧ್ವನಿಯೂ ಇಂಗ್ಲಿಷಿನದು. ಆದರೆ ಅಂತರ್ಜಾಲದಲ್ಲಿ ಆಟಗಳನ್ನು ಮಾರುವ ಗಾಗ್ (GOG) ಮಳಿಗೆಯಲ್ಲಿ ಸಿಗುವ ‘ಗೋಲ್ಡ್’ ಆವೃತ್ತಿಯನ್ನು ಒಮ್ಮೆ ಇಳಿಸಿಕೊಂಡರೆ ಮತ್ತೆ ಅಂತರ್ಜಾಲ ಬೇಕಿಲ್ಲ, ಹಳೆಯ ಲ್ಯಾಪ್‌ಟಾಪ್ ಸಾಕು. ಆಗುಂಬೆ, ಹೊಸನಗರದ ಕಡೆ ಮಳೆಗಾಲದಲ್ಲಿ ನೆಟ್‌ವರ್ಕ್ ಇಲ್ಲದೆ ದಿನ ಕಳೆಯುವವರಿಗೆ ಇದು ದೊಡ್ಡ ಅನುಕೂಲ. ಕರೆಂಟ್ ಯಾವ ಕ್ಷಣದಲ್ಲಿ ಹೋಗುವುದೋ ಹೇಳಲಾಗದ ಊರುಗಳಲ್ಲಿ ಆಟವನ್ನು ಆಗಾಗ ಸೇವ್ ಮಾಡುತ್ತಿರಬೇಕು. ಈ ಆವೃತ್ತಿಯ ಕಡತಗಳನ್ನು ಬಳಸಿಕೊಂಡು ಅಭಿಮಾನಿಗಳು ರೂಪಿಸಿದ ‘ಕೀಪರ್‌ಎಫ್‌ಎಕ್ಸ್’ ಉಚಿತವಾಗಿ ಸಿಗುತ್ತದೆ, ಇಂದಿನ ಪರದೆಗಳಿಗೆ ಅದೇ ಹೆಚ್ಚು ಹೊಂದುತ್ತದೆ.

ಇದೇ ಹೆಸರಿನಲ್ಲಿ ಬಂದ ಮೊಬೈಲ್ ಆಟವನ್ನು ಇದೆಂದು ತಿಳಿಯಬಾರದು. ಅದರಲ್ಲಿ ದುಡ್ಡು ಕೊಡದವರು ಒಂದು ಕಲ್ಲು ಒಡೆಯುವುದಕ್ಕೂ ಗಂಟೆಗಟ್ಟಲೆ ಕಾಯಬೇಕಾಗಿತ್ತು, ಅದನ್ನು ಉಚಿತವೆಂದು ಸಾರಿದ ಜಾಹೀರಾತನ್ನು 2014ರಲ್ಲಿ ಬ್ರಿಟನ್ನಿನ ಜಾಹೀರಾತು ನಿಯಂತ್ರಣ ಸಂಸ್ಥೆಯು ದಾರಿತಪ್ಪಿಸುವಂಥದ್ದೆಂದು ತೀರ್ಮಾನಿಸಿತು. 1999ರ ಎರಡನೆಯ ಭಾಗವು ನೋಡಲು ಹೆಚ್ಚು ಅಂದವಾಗಿದ್ದರೂ ಅದರಲ್ಲಿ ಆರ್ಕ್‌ಗಳಿಲ್ಲ, ಗಾಬ್ಲಿನ್ ಎಂಬ ಬೇರೆ ಜೀವಿಗಳಿವೆ; ಆರ್ಕ್‌ಗಳ ಪಡೆಯನ್ನೇ ಕಟ್ಟಬೇಕೆನ್ನುವವರು ಮೊದಲನೆಯ ಭಾಗವನ್ನೇ ಕೊಳ್ಳಬೇಕು.