ಹಾನ್ಸ್ ವೇರ್ ಅರೇಬಿಕ್ ಡಿಕ್ಷನರಿ: ಕ್ರಿಯಾಪದ ಕಲಿಯುವವರಿಗೆ ಒಂದು ವಿಮರ್ಶೆ

ಅರೇಬಿಕ್ ಕ್ರಿಯಾಪದ ಕಲಿಯೋಕೆ ಯಾವ ಪುಸ್ತಕ ಒಳ್ಳೆಯದು ಅಂತ ಯಾರಾದರೂ ಕೇಳಿದರೆ ನಾನು ಹೇಳುವುದು ಒಂದು ಡಿಕ್ಷನರಿಯ ಹೆಸರು. ಜರ್ಮನ್ ವಿದ್ವಾಂಸ ಹಾನ್ಸ್ ವೇರ್ ಮಾಡಿದ್ದು. ಜರ್ಮನ್ ಮೂಲ ಬಂದದ್ದು 1952ರಲ್ಲಿ, ಮಿಲ್ಟನ್ ಕೋವನ್ ಸಂಪಾದಿಸಿದ ಇಂಗ್ಲಿಷ್ ಆವೃತ್ತಿ 1961ರಲ್ಲಿ. ನನ್ನ ಹತ್ತಿರ ಇರುವುದು 1979ರ ನಾಲ್ಕನೇ ಆವೃತ್ತಿ, ಸುಮಾರು 1300 ಪುಟ. ಕೆಲವು ವರ್ಷಗಳಿಂದ ಹೆಚ್ಚುಕಮ್ಮಿ ದಿನಾ ಬಳಸುತ್ತಿದ್ದೇನೆ.

ಇದರಲ್ಲಿ ಪದಗಳನ್ನು ಜೋಡಿಸಿರುವುದು ಧಾತುವಿನ ಲೆಕ್ಕದಲ್ಲಿ. ಅರೇಬಿಕ್‌ನ ಹೆಚ್ಚಿನ ಪದಗಳಿಗೆ ಮೂರು ವ್ಯಂಜನಗಳ ಧಾತು ಇರುತ್ತದೆ. ಅದನ್ನು ಗುರುತಿಸದೆ ಇಲ್ಲಿ ಏನೂ ಸಿಗುವುದಿಲ್ಲ. ಮ್ಯಾನೇಜರ್ ಅನ್ನುವ ಅರ್ಥದ 'ಮುದೀರ್' ಬೇಕಾದರೆ ಮೀಮ್ ಅಕ್ಷರದಲ್ಲಿ ಹುಡುಕಿ ಪ್ರಯೋಜನ ಇಲ್ಲ, ದಾಲ್-ವಾವ್-ರಾ ಕೆಳಗೆ ಹೋಗಬೇಕು. ಸಂಪರ್ಕ ಅನ್ನುವ 'ಇತ್ತಿಸಾಲ್' ಇರುವುದು ವಾವ್-ಸ್ವಾದ್-ಲಾಮ್ ಕೆಳಗೆ. ಜನಜಂಗುಳಿ ಅನ್ನುವ 'ಇಝ್ದಿಹಾಮ್' ಝಾಯ್-ಹಾ-ಮೀಮ್ ಕೆಳಗೆ. ಈ ಕೊನೆಯದರಲ್ಲಿ ಇರುವ ದಕಾರ ನಿಜಕ್ಕೂ ತಕಾರ, ಪಕ್ಕದ ಝಾಯ್‌ನಿಂದಾಗಿ ಬದಲಾಗಿದೆ. ಬೆಟ್ಟ ಮತ್ತು ತಾವರೆ ಸೇರಿ ಬೆಟ್ಟದಾವರೆ ಆಗುವ ಆದೇಶ ಸಂಧಿ ಓದಿದವರಿಗೆ ಇದು ಹೊಸದೇನಲ್ಲ. ಹೀಗೆ ಪದ ಹುಡುಕುವ ಮೊದಲೇ ಅದನ್ನು ಬಿಡಿಸಿ ನೋಡಬೇಕಾಗುತ್ತದೆ. ಶುರುವಿನಲ್ಲಿ ಇದಕ್ಕೆ ತುಂಬಾ ಹೊತ್ತು ಹಿಡಿಯುತ್ತದೆ, ಆಮೇಲೆ ಕಣ್ಣೇ ಧಾತುವನ್ನು ಹೆಕ್ಕುತ್ತದೆ.

ನನಗೆ ಇದು ಯಾಕೆ ಇಷ್ಟ ಅನ್ನುವುದಕ್ಕೆ ಫಾ-ಹಾ-ಮೀಮ್ ಧಾತುವನ್ನೇ ನೋಡಿ. ಮೊದಲು 'ಫಹಿಮ', ಅಂದರೆ 'ತಿಳಿದುಕೊಂಡನು'. ಪಕ್ಕದಲ್ಲಿ ಒಂದೇ ಒಂದು ಸ್ವರದ ಗುರುತು, ಅಕಾರ; ವರ್ತಮಾನಕಾಲದಲ್ಲಿ ಧಾತುವಿನ ಮಧ್ಯಾಕ್ಷರಕ್ಕೆ ಬರುವ ಸ್ವರ ಅದು. ಗುರುತಿನ ಪಕ್ಕ ಕಂಸದಲ್ಲಿ 'ಫಹ್ಮ್', ಅದು ಈ ಕ್ರಿಯೆಯ ನಾಮರೂಪ, ಅಂದರೆ ಮಸ್ದರ್. ಆಮೇಲೆ ರೋಮನ್ ಅಂಕಿಗಳು ಶುರು, ಒಂದೊಂದು ಅಂಕಿಯೂ ಅದೇ ಧಾತುವಿನಿಂದ ಹುಟ್ಟುವ ಒಂದೊಂದು ಕ್ರಿಯಾರೂಪದ ಸಂಖ್ಯೆ. ಎರಡು: ತಿಳಿಸು. ಆರು: ಒಬ್ಬರನ್ನೊಬ್ಬರು ಅರ್ಥಮಾಡಿಕೊಳ್ಳು. ಹತ್ತು: ವಿಚಾರಿಸು. ಅಂಕಿ ಮತ್ತು ಅರ್ಥ ಮಾತ್ರ, ಕ್ರಿಯಾಪದ ಅಲ್ಲಿ ಇಲ್ಲ! 'ಫಹ್ಹಮ', 'ತಫಾಹಮ', 'ಇಸ್ತಫ್‌ಹಮ' ಇವನ್ನೆಲ್ಲ ನಾವೇ ಕಟ್ಟಿಕೊಳ್ಳಬೇಕು. ಕನ್ನಡದಲ್ಲಿ ತಿಳಿ ಇದ್ದದ್ದು ತಿಳಿಸು ಆಗಲು ಕೊನೆಯಲ್ಲಿ 'ಇಸು' ಸೇರಿಸಿದರೆ ಸಾಕು. ಅರೇಬಿಕ್‌ನಲ್ಲಿ 'ಫಹಿಮ' ಇದ್ದದ್ದು 'ಫಹ್ಹಮ' ಆಗುವಾಗ ಬದಲಾವಣೆ ಪದದ ನಡುವೆ ಆಗುತ್ತದೆ, ಮಧ್ಯದ ಅಕ್ಷರ ಇಮ್ಮಡಿಯಾಗಿದೆ. ಅರಬ್ ವ್ಯಾಕರಣದಲ್ಲಿ ಇದನ್ನೇ ತಫ್ಈಲ್‌ನ ಬಾಬ್, ಅಂದರೆ ತಫ್ಈಲ್ ವರ್ಗ, ಅನ್ನುತ್ತಾರೆ, ಈ ಡಿಕ್ಷನರಿಯಲ್ಲಿ ಬರೀ ಎರಡು ಅನ್ನುವ ಅಂಕಿ.

ಕ್ರಿಯಾಪದಗಳ ಪಟ್ಟಿ ಕೊಡುವ ಒಂದು ಆಪ್ ಕೂಡ ಬಹಳ ಕಾಲ ಬಳಸಿದ್ದೇನೆ. ಕಾಲ, ಪುರುಷ, ಲಿಂಗ, ದ್ವಿವಚನ ಎಲ್ಲವೂ ರೆಡಿ ಇರುತ್ತವೆ. ನೋಡುವಾಗ ಎಲ್ಲ ಗೊತ್ತಿದೆ ಅನ್ನಿಸುತ್ತದೆ, ಫೋನ್ ಕೆಳಗಿಟ್ಟ ಮೇಲೆ ಒಂದೂ ನೆನಪಿಗೆ ಬರುವುದಿಲ್ಲ. ಡಿಕ್ಷನರಿ ನೋಡಿ ನಾನೇ ಕಟ್ಟಿಕೊಂಡ ರೂಪಗಳು ಹಾಗಲ್ಲ, ಉಳಿದುಕೊಂಡಿವೆ.

ಆ ಒಂಟಿ ಸ್ವರದ ಗುರುತಿನ ಬಗ್ಗೆ ಇನ್ನೂ ಹೇಳಬೇಕು, ನನ್ನ ಪ್ರಕಾರ ಇಡೀ ಪುಟದಲ್ಲಿ ಅದರಷ್ಟು ಬೆಲೆಯದ್ದು ಬೇರೆ ಇಲ್ಲ. ಕತಬ (ಬರೆದನು), ಜಲಸ (ಕುಳಿತನು), ಫತಹ (ತೆರೆದನು) ಮೂರೂ ಭೂತಕಾಲದಲ್ಲಿ ಒಂದೇ ಅಚ್ಚು. ವರ್ತಮಾನಕ್ಕೆ ಬಂದರೆ ಯಕ್ತುಬು, ಯಜ್ಲಿಸು, ಯಫ್ತಹು. ಒಂದರಲ್ಲಿ ಉಕಾರ, ಒಂದರಲ್ಲಿ ಇಕಾರ, ಒಂದರಲ್ಲಿ ಅಕಾರ. ಧಾತುವಿನ ಎರಡನೆಯ ಅಥವಾ ಮೂರನೆಯ ಅಕ್ಷರ ಗಂಟಲಿನದ್ದಾದರೆ ಸಾಮಾನ್ಯವಾಗಿ ಅಕಾರ ಬರುತ್ತದೆ. ಉಳಿದ ಕಡೆ ಊಹಿಸುವುದು ಕಷ್ಟ. ಪತ್ರಿಕೆ ಓದಿ ಕಲಿಯೋಣ ಅಂದರೆ ಅಲ್ಲಿ ಹ್ರಸ್ವ ಸ್ವರಗಳನ್ನು ಅಚ್ಚು ಹಾಕುವುದೇ ಇಲ್ಲ. ಹಾಗಾಗಿ ಯಾವ ಕ್ರಿಯಾಪದ ಬರೆದುಕೊಂಡರೂ ಆ ಸ್ವರವನ್ನೂ ಮಸ್ದರ್ ಅನ್ನೂ ಜೊತೆಗೇ ಬರೆದುಕೊಳ್ಳಿ.

ಉಪಸರ್ಗದಂಥ ಪುಟ್ಟ ಪದಗಳನ್ನೂ ಡಿಕ್ಷನರಿ ಬಿಟ್ಟಿಲ್ಲ. 'ರಗಿಬ' ಜೊತೆ 'ಫೀ' ಬಂದರೆ ಬಯಸು. ಅದೇ ಕ್ರಿಯೆಗೆ 'ಅನ್' ಬಂದರೆ ಬೇಡವೆನ್ನು, ದೂರ ಸರಿ. ಅರ್ಥವೇ ತಲೆಕೆಳಗು! ಇದನ್ನು ಅಲ್ಲಲ್ಲೇ ತೋರಿಸಿದ್ದಾರೆ.

ಕೊರತೆಗಳೂ ಇವೆ. ಉದಾಹರಣೆ ವಾಕ್ಯಗಳು ಇಲ್ಲವೆನ್ನುವಷ್ಟು ಕಡಿಮೆ. ಒಂದೊಂದು ಕ್ರಿಯಾಪದಕ್ಕೂ ಇಂಗ್ಲಿಷ್ ಅರ್ಥಗಳನ್ನು ಸಾಲಾಗಿ ಪೇರಿಸಿರುತ್ತಾರೆ, ನಮಗೆ ಬೇಕಾದ್ದು ಯಾವುದು ಅಂತ ನಾವೇ ಆರಿಸಿಕೊಳ್ಳಬೇಕು. ಕನ್ನಡದಲ್ಲಿ ಯೋಚಿಸುವವರಿಗೆ ಅದು ಎರಡು ಸಲದ ಕೆಲಸ. ದುರ್ಬಲ ಧಾತುಗಳಲ್ಲಿ, ಅಂದರೆ ವಾವ್ ಅಥವಾ ಯಾ ಅಕ್ಷರ ಇರುವ ಧಾತುಗಳಲ್ಲಿ, ಹೊಸಬರು ಸೋತುಹೋಗುತ್ತಾರೆ. 'ಕುಲ್ತು' ಅಂದರೆ 'ಹೇಳಿದೆ'. ಅದರ ಧಾತುವಿನ ಮಧ್ಯಾಕ್ಷರ ವಾವ್. 'ಬಿಅತು' ಅಂದರೆ 'ಮಾರಿದೆ'. ಅದರ ಧಾತುವಿನ ಮಧ್ಯಾಕ್ಷರ ಯಾ. ಎರಡರಲ್ಲೂ ಆ ಅಕ್ಷರ ಕಾಣಿಸುವುದೇ ಇಲ್ಲ, ಆದರೂ ಹುಡುಕಬೇಕಾದ್ದು ಅದರಿಂದಲೇ. ಆದ್ದರಿಂದ ಮೊದಲ ಹತ್ತು ರೂಪಗಳು ಮತ್ತು ದುರ್ಬಲ ಧಾತುಗಳ ಪಾಠ ಮುಗಿಯುವವರೆಗೆ ಇದನ್ನು ಕೊಳ್ಳಬೇಡಿ. ಸುಮ್ನೆ ಬೇಜಾರಾಗುತ್ತದೆ.

ಪೇಪರ್‌ಬ್ಯಾಕ್ ಕೈಗೆ ಹಿಡಿಯಲು ಚೆನ್ನಾಗಿದೆ, ಅಕ್ಷರ ಮಾತ್ರ ತೀರಾ ಸಣ್ಣದು. ಸ್ವರದ ಗುರುತುಗಳನ್ನು ಓದಲು ಒಳ್ಳೆಯ ಬೆಳಕು ಬೇಕೇ ಬೇಕು. ಇನ್ನೊಂದು ವಿಷಯ. ಇದು ಇಂದಿನ ಬರಹದ ಅರೇಬಿಕ್‌ಗಾಗಿ ಮಾಡಿದ್ದು. ಪತ್ರಿಕೆ, ಕಥೆ, ಕಾದಂಬರಿ ಓದುವವರಿಗೆ ಇದು ಸಾಕು. ಹಳೆಯ ಕಾವ್ಯ ಓದುವುದು ಗುರಿಯಾಗಿದ್ದರೆ ಆ ಕಾಲದ ಭಾಷೆಯ ನಿಘಂಟನ್ನು ಜೊತೆಗೆ ಇಟ್ಟುಕೊಳ್ಳಿ. ಮಾತನಾಡಲು ಒಂದು ದೇಶದ ಆಡುನುಡಿ ಕಲಿಯುವವರಾದರೆ ಅದಕ್ಕೆಂದೇ ಇರುವ ಪುಸ್ತಕವನ್ನೇ ತಗೊಳ್ಳಿ.