ಬಾಗುವ ಮಾದರಿಯೋ, ಗಟ್ಟಿ ಮಾದರಿಯೋ, ಬಿಡಿ ಕಶೇರುಗಳೋ?

ಬೆನ್ನುಮೂಳೆಯ ಬಾಗುಗಳನ್ನು ಕಲಿಸುವುದಕ್ಕೆ ನನ್ನ ಆಯ್ಕೆ ಬಿಡಿ ಕಶೇರುಗಳ (ಬೆನ್ನುಮೂಳೆಯ ಒಂದೊಂದೇ ಮೂಳೆಗಳ) ಸೆಟ್. ತಂತಿಯ ಮೇಲೆ ಪೋಣಿಸಿದ ಬಾಗುವ ಮಾದರಿಯನ್ನೂ ಒಂದೇ ಎರಕದ ಗಟ್ಟಿ ಮಾದರಿಯನ್ನೂ ಬಳಸಿ ನೋಡಿದ ಮೇಲೆ ಹೇಳುತ್ತಿರುವ ಮಾತಿದು.

ನಾನು ಬಳಸಿದ ಬಾಗುವ ಮಾದರಿಯಲ್ಲಿ ದೊಡ್ಡ ಕಿರಿಕಿರಿ ಕಶೇರುಗಳ ನಡುವಿನ ಮೆತ್ತೆಗಳಾದ ಡಿಸ್ಕ್‌ಗಳದ್ದು. ಎಲ್ಲವೂ ಒಂದೇ ದಪ್ಪದ ರಬ್ಬರ್ ಬಿಲ್ಲೆಗಳು. ಎದೆಭಾಗದ ಹೊರಬಾಗು ಬಹುಮಟ್ಟಿಗೆ ಮೂಳೆಯ ಆಕಾರದಿಂದಲೇ ಬರುತ್ತದೆ, ನಿಜ. ಆದರೆ ಸೊಂಟದ ಒಳಬಾಗಿನಲ್ಲಿ ಹೆಚ್ಚಿನ ಪಾಲು ಮುಂದೆ ದಪ್ಪ, ಹಿಂದೆ ತೆಳುವಾಗಿರುವ ಡಿಸ್ಕ್‌ಗಳದ್ದು. ಎಲ್5 (ಸೊಂಟದ ಕೊನೆಯ ಕಶೇರು) ಮತ್ತು ಎಸ್1 (ತ್ರಿಕಾಸ್ಥಿಯ ಮೇಲ್ತುದಿ) ನಡುವಿನದಂತೂ ಅಪ್ಪಟ ಬೆಣೆ. ಮಾದರಿಯಲ್ಲಿ ಆ ಬಾಗನ್ನು ಹಿಡಿದಿಟ್ಟಿರುವುದು ಒಳಗಿನ ತಂತಿ ಮಾತ್ರ. ನೇತುಹಾಕಿದರೆ ಸೊಂಟ ಮೆಲ್ಲಗೆ ನೆಟ್ಟಗಾಗುತ್ತದೆ. ಕೆಳಗಿನ ನಟ್ ಬಿಗಿದು, ಕೈಯಿಂದ ಮತ್ತೆ ಬಾಗಿಸಬೇಕು, ಸ್ವಲ್ಪ ದಿನ ಬಿಟ್ಟು ಮತ್ತದೇ ಕೆಲಸ.

ಇನ್ನೂ ಕೆಟ್ಟದ್ದೆಂದರೆ, ಆ ರಬ್ಬರ್ ಬಿಲ್ಲೆಗಳು ಫ್ಯಾಸೆಟ್ ಕೀಲುಗಳ (ಕಶೇರುಗಳ ಹಿಂಭಾಗದ ಚಿಕ್ಕ ಕೀಲುಗಳ) ಮುಖಗಳನ್ನು ಒಂದಕ್ಕೊಂದು ತಾಗಗೊಡುವುದೇ ಇಲ್ಲ. ಸೊಂಟವನ್ನು ತಿರುಚಿದರೆ ಸಲೀಸಾಗಿ ತಿರುಗುತ್ತದೆ. ನಿಜವಾದ ಸೊಂಟದಲ್ಲಿ ಪ್ರತಿ ಜೋಡಿ ತಿರುಗುವುದು 1–2 ಡಿಗ್ರಿಯಷ್ಟೇ, ಕೀಲುಮುಖಗಳೇ ಅಡ್ಡ ನಿಲ್ಲುತ್ತವೆ. ಕಲಿಯುವವರ ಕಣ್ಣಿಗೆ ಬೀಳುವುದು ತಪ್ಪು ಚಲನೆ, ತಲೆಯಲ್ಲಿ ಉಳಿಯುವುದೂ ಅದೇ.

ಗಟ್ಟಿ ಮಾದರಿಯಲ್ಲಿ ಬಾಗುಗಳು ಚೆನ್ನಾಗಿರುತ್ತವೆ, ಚಲನೆ ಸೊನ್ನೆ.

ಬಿಡಿ ಸೆಟ್‌ನಲ್ಲಿ 24 ಕಶೇರು, ತ್ರಿಕಾಸ್ಥಿ (ಸೊಂಟದ ಕೆಳಗಿನ ತ್ರಿಕೋನ ಮೂಳೆ), ಬಾಲಮೂಳೆ ಸಿಗುತ್ತವೆ. ಡಿಸ್ಕ್‌ಗಳನ್ನು ಗಟ್ಟಿ ಫೋಮ್ ಹಾಳೆಯಿಂದ ನಾವೇ ಕತ್ತರಿಸಬೇಕು. ಒಟ್ಟು 23 ಸಾಕು, ಕುತ್ತಿಗೆಯ ಮೊದಲೆರಡು ಕಶೇರುಗಳಾದ ಸಿ1–ಸಿ2 ನಡುವೆ ಡಿಸ್ಕ್ ಇಲ್ಲ. ನನ್ನ ಅಳತೆ: ಎದೆಭಾಗಕ್ಕೆ 5 ಮಿ.ಮೀ. ಸಮತಟ್ಟು, ಕುತ್ತಿಗೆಗೆ ಮುಂದೆ 6, ಹಿಂದೆ 4, ಎಲ್5–ಎಸ್1ಕ್ಕೆ ಮುಂದೆ 14, ಹಿಂದೆ 6. ಅಂಟು ಕೆಳಗಿನ ಕಶೇರುವಿನ ಮೇಲ್ಮೈಗೆ ಮಾತ್ರ. ಎರಡೂ ಬದಿಗೆ ಅಂಟಿಸಿದರೆ ಮತ್ತೊಂದು ಗಟ್ಟಿ ಮಾದರಿ ತಯಾರಾದಂತೆ. ಪೋಣಿಸುವ ಹಗ್ಗವನ್ನು ಬೆನ್ನುಹುರಿಯ ಕಾಲುವೆಯಲ್ಲೇ ತೂರಿಸಿ, 10 ಮಿ.ಮೀ.ಗಿಂತ ದಪ್ಪವಾದರೆ ಎದೆಭಾಗದಲ್ಲಿ ಸಿಕ್ಕಿಕೊಳ್ಳುತ್ತದೆ. ತೀರಾ ಬಿಗಿದರೆ ಹಿಂದಿನ ಕೀಲುಗಳು ಕಚ್ಚಿಕೊಂಡು ಎದೆಯ ಬಾಗು ಚಪ್ಪಟೆಯಾಗುತ್ತದೆ. ಪೋಣಿಸುವ ಮುಂಚೆ ಪ್ರತಿ ಮೂಳೆಗೂ ಪೆನ್ಸಿಲ್‌ನಲ್ಲಿ ಸಂಖ್ಯೆ ಬರೆದಿಡಿ, ಎದೆಭಾಗದ ಟಿ5ರಿಂದ ಟಿ8 ಬೆರೆತರೆ ಬಿಡಿಸುವುದು ಕಷ್ಟ.

ಇಷ್ಟಾದರೆ, ಎಲ್5ರ ಕೆಳಗಿನ ಬೆಣೆ ತೆಗೆದು ಸಮತಟ್ಟು ತುಂಡು ಇಟ್ಟ ಕ್ಷಣವೇ ಇಡೀ ಸೊಂಟ ಮುಂದಕ್ಕೆ ವಾಲುವುದನ್ನು ತೋರಿಸಬಹುದು. ನನಗೆ ಬೇಕಾದದ್ದು ಇದೇ.

ಕತ್ತರಿಸುವ ತಾಳ್ಮೆ ಇಲ್ಲದವರಿಗೆ, ದೊಡ್ಡ ತರಗತಿಯಲ್ಲಿ ದೂರದಿಂದ ತೋರಿಸುವವರಿಗೆ ಗಟ್ಟಿ ಮಾದರಿ ಸಾಕು. ಕೈಯಲ್ಲಿ ಹಣ ಕಡಿಮೆಯಿದ್ದರೆ ಸೊಂಟದ ಐದು ಕಶೇರು, ತ್ರಿಕಾಸ್ಥಿ ಮಾತ್ರ ಕೊಳ್ಳಿ. ಪೂರ್ತಿ ಸೆಟ್ ಕೊಳ್ಳುವುದಾದರೆ ಮೊದಲು ಎದೆಭಾಗದ ಕೊನೆಯ ಕಶೇರು ಟಿ12 ಕೈಗೆತ್ತಿಕೊಳ್ಳಿ: ಸಾಮಾನ್ಯವಾಗಿ ಅದರ ಮೇಲಿನ ಕೀಲುಮುಖಗಳು ಹಿಂದಕ್ಕೆ, ಕೆಳಗಿನವು ಪಕ್ಕಕ್ಕೆ ತಿರುಗಿರುತ್ತವೆ. ಹಾಗಿಲ್ಲದಿದ್ದರೆ ಬೇರೆ ಸೆಟ್ ಕೇಳಿ.